ಪರ್ಸ್ ಸಮೇತ ಎಲ್ಲ ಕಾರ್ಡೂ ಹೋದರೆ ಮೊದಲು ಆಧಾರ್ ತೆಗೆಸಿ

ವೋಟರ್ ಐಡಿ, ಡಿಎಲ್, ಪ್ಯಾನ್ ಎಲ್ಲಾ ಒಟ್ಟಿಗೆ ಕಳೆದುಹೋಗಿದ್ದರೆ ಮೊದಲು ಆಧಾರ್ ಪ್ರಿಂಟ್ ತೆಗೆಸಿಕೊಳ್ಳಿ, ಅದಕ್ಕೆ ಬೇರೆ ಫೋಟೋ ಐಡಿ ಬೇಕಿಲ್ಲ. ಲಿಂಕ್ ಆಗಿರುವ ಮೊಬೈಲ್ ಕೈಯಲ್ಲಿದ್ದರೆ ಮನೆಯಲ್ಲೇ ಕೆಲಸ ಆಗುತ್ತದೆ. ಮೈಆಧಾರ್ ಸೈಟಿನಲ್ಲಿ ಹೆಸರು, ಮೊಬೈಲ್ ನಂಬರ್, ಒಟಿಪಿ ಕೊಟ್ಟರೆ ಮರೆತ ಆಧಾರ್ ಸಂಖ್ಯೆ ಎಸ್ಎಂಎಸ್‌ನಲ್ಲಿ ಬರುತ್ತದೆ. ಅದರಿಂದ ಇ-ಆಧಾರ್ (ಆಧಾರ್‌ನ ಪಿಡಿಎಫ್ ಪ್ರತಿ) ಡೌನ್‌ಲೋಡ್ ಮಾಡಿ. ಪಾಸ್‌ವರ್ಡ್ ಕೇಳಿದಾಗ ಗಾಬರಿ ಬೇಡ: ಹೆಸರಿನ ಮೊದಲ 4 ಇಂಗ್ಲಿಷ್ ಅಕ್ಷರ (ಎಲ್ಲಾ ಕ್ಯಾಪಿಟಲ್), ಪಕ್ಕದಲ್ಲೇ ಹುಟ್ಟಿದ ವರ್ಷ, ನಡುವೆ ಜಾಗ ಬಿಡಬಾರದು. ಮೊಬೈಲೂ ಹೋಗಿದೆಯಾ? ಸೀದಾ ಆಧಾರ್ ಕೇಂದ್ರಕ್ಕೆ ಹೋಗಿ, ಹೆಸರು, ಪಿನ್ ಕೋಡ್ ಹೇಳಿ ಬೆರಳು ಒತ್ತಿ. ಸ್ವಲ್ಪ ಶುಲ್ಕ ತೆಗೆದುಕೊಂಡು ಅಲ್ಲೇ ಪ್ರಿಂಟ್ ಕೊಡುತ್ತಾರೆ. ನಿಮ್ಮ ಬೆರಳು, ಕಣ್ಣು, ಮುಖ ಮೊದಲೇ ಅವರ ದಾಖಲೆಯಲ್ಲಿವೆ, ಅಲ್ವಾ? ಅದಕ್ಕೇ ಇಲ್ಲಿ ನೀವೇ ನಿಮಗೆ ಪುರಾವೆ. ಇ-ಆಧಾರ್‌ಗೆ ಕಾರ್ಡಿನಷ್ಟೇ ಮಾನ್ಯತೆ ಇದೆ, ಅದನ್ನು ತೋರಿಸಿ ಉಳಿದ ಕಾರ್ಡುಗಳಿಗೆ ಅರ್ಜಿ ಹಾಕಬಹುದು. ಕೇಂದ್ರದಲ್ಲಿ ಬೆರಳು ಒತ್ತುವ ದಾರಿ ಕೆಲವೊಮ್ಮೆ ಕೈಕೊಡುತ್ತದೆ. ವಯಸ್ಸಾದವರಿಗೆ, ಗಾರೆ ಕೆಲಸ, ಹೊಲದ ಕೆಲಸ ಮಾಡುವವರಿಗೆ ಬೆರಳಿನ ಗೆರೆ ಸವೆದಿರುತ್ತದೆ. ಸುಮ್ನೆ ಹತ್ತು ಸಲ ಒತ್ತಿಸಿಕೊಳ್ಳುವ ಬದಲು ಕಣ್ಣಿನ ಸ್ಕ್ಯಾನ್ ಮಾಡಿ ಎಂದು ಕೇಳಿ. ಹಿಂದೆ ಯಾವಾಗಲೋ ಬಯೋಮೆಟ್ರಿಕ್ ಲಾಕ್ (ಬೆರಳು, ಕಣ್ಣಿನ ಗುರುತು ಯಾರೂ ಬಳಸದಂತೆ ಹಾಕುವ ಬೀಗ) ಮಾಡಿ ಮರೆತಿದ್ದರೆ ಅದೂ ತಡೆಯುತ್ತದೆ. ಹೆಸರು ಆಧಾರ್‌ನಲ್ಲಿ ಇದ್ದ ಹಾಗೇ ಹೇಳಬೇಕು, ಇನಿಶಿಯಲ್ ಹಿಂದೆ ಮುಂದೆ ಆದರೂ ಸಿಗದೇ ಇರಬಹುದು. ಹೋದಾಗಲೇ ಈಗ ಬಳಸುವ ಮೊಬೈಲ್ ನಂಬರನ್ನೂ ಸೇರಿಸಿ ಬನ್ನಿ, ಅದಕ್ಕೂ ದಾಖಲೆ ಕೇಳುವುದಿಲ್ಲ. ಅನುಮಾನ ಇದ್ದರೆ ಹೋಗುವ ಮೊದಲು ಆಧಾರ್ ಸಹಾಯವಾಣಿ 1947ಕ್ಕೆ ಫೋನ್ ಮಾಡಿ.