ಕಾಲುದಾರಿ ಇತ್ತು, ಪಿಕಪ್ ಹೋಗುವ ದಾರಿ ಇರಲಿಲ್ಲ

ಕಾಸರಗೋಡಿನ ಬದಿಯಡ್ಕದಿಂದ ಒಳಗೆ ನಮ್ಮ ಅಡಿಕೆ ತೋಟ. ಮಾರ್ಗಕ್ಕೆ ಬರಲು ತಡಮೆ (ಬೇಲಿ ದಾಟುವ ಕಂಡಿ) ದಾಟಿ, ತೋಡಿನ ಸಂಕ (ಕಾಲುಸೇತುವೆ) ದಾಟಿ, ಪಕ್ಕದವರ ತೋಟದ ಅಂಚಿನಲ್ಲಿ ನಡೆಯಬೇಕು. ಅಜ್ಜನ ಕಾಲದಿಂದಲೂ ಹಾಗೆಯೇ. ಆ ಜಾಗ ಮಾರಾಟವಾಯಿತು, ಹೊಸಬರು ತಡಮೆ ಇದ್ದಲ್ಲಿ ತಂತಿ ಬೇಲಿ ಹಾಕಿದರು. "ಆಧಾರದಲ್ಲಿ ದಾರಿ ಎಲ್ಲಿದೆ, ತೋರಿಸಿ ಅಣ್ಣಾ" ಅಂದರು. ಆಧಾರ ಅಂದರೆ ನಮ್ಮ ಕಡೆ ಜಾಗದ ನೋಂದಾಯಿತ ಪತ್ರ.

ಹಳೆಯ ಕನ್ನಡ ಆಧಾರ, ಆಮೇಲಿನ ಮಲಯಾಳದ್ದು, ಎರಡನ್ನೂ ಸಾಲು ಬಿಡದೆ ಓದಿಸಿದೆ. ದಾರಿಯ ಮಾತೇ ಇಲ್ಲ.

ವಕೀಲರು ಮೊದಲು ಕೇಳಿದ್ದು, ಎರಡೂ ಜಾಗ ಹಿಂದೆ ಒಬ್ಬರದ್ದೇ ಆಗಿತ್ತಾ, ಬೇರೆ ದಾರಿ ಇದೆಯಾ ಅಂತ. ಒಬ್ಬರದ್ದಾಗಿರಲಿಲ್ಲ. ಗುಡ್ಡೆ ಹತ್ತಿ ಹೋಗುವ ಕಡಿದಾದ ದಾರಿಯೂ ಒಂದಿತ್ತು. ಹಾಗಾಗಿ 'ಅದಿಲ್ಲದೆ ಆಗುವುದೇ ಇಲ್ಲ' ಅನ್ನುವ ವಾದ ನಮಗೆ ಸಿಗಲಿಲ್ಲ. ಕಷ್ಟದ ದಾರಿಯೂ ದಾರಿಯೇ ಅಂತೆ.

ಉಳಿದದ್ದು ಬಳಕೆಯ ಹಕ್ಕು. 1882ರ ಈಸ್‌ಮೆಂಟ್ ಕಾಯ್ದೆಯಲ್ಲಿ ಅದಿದೆ; ಈಸ್‌ಮೆಂಟ್ ಅಂದರೆ ದಾರಿಯಂಥದ್ದಕ್ಕೆ ಇನ್ನೊಬ್ಬರ ಜಾಗ ಬಳಸುವ ಹಕ್ಕು. ಮೊದಲೇ ಅದು ಜಾರಿಯಾದ ಕಡೆಗಳಲ್ಲಿ ಮದ್ರಾಸ್ ಪ್ರಾಂತ್ಯವೂ ಒಂದು, ಆಗ ಕಾಸರಗೋಡು ಅದರಲ್ಲೇ ಇತ್ತಲ್ವಾ. ಜಗಳವಿಲ್ಲದೆ, ಎಲ್ಲರಿಗೂ ಕಾಣುವಂತೆ, ತಡೆಯಿಲ್ಲದೆ, ನಮ್ಮ ಹಕ್ಕು ಅಂತಲೇ 20 ವರ್ಷ ನಡೆದಿರಬೇಕು. ಸರ್ಕಾರಿ ಜಾಗವಾದರೆ 30. ಕೇಳಿಕೊಂಡು ನಡೆದಿದ್ದರೆ ಅದು ಅನುಮತಿ ಮಾತ್ರ, ಎಷ್ಟು ವರ್ಷ ಆದರೂ ಹಕ್ಕಾಗುವುದಿಲ್ಲ. ಇನ್ನೊಂದು, ದಾರಿಗೆ ಅಡ್ಡ ಹಾಕಿದ ಮೇಲೆ ಎರಡು ವರ್ಷದೊಳಗೆ ಕೋರ್ಟಿಗೆ ಹೋಗಬೇಕು. ಮಾತಾಡ್ತಾ ಮಾತಾಡ್ತಾ ಸುಮ್ನೆ ಕೂತರೆ ಕೆಲಸ ಕೆಡುತ್ತದೆ.

ಆ ದಾರಿಯಲ್ಲಿ ಅಡಿಕೆ ಹೊತ್ತವರು, ಹಾಲು ತಂದವರು, ಹೀಗೆ ಹಿರಿಯರನ್ನು ಹುಡುಕಿ ಮಾತಾಡಿಸಿದೆ. ಸಾಕ್ಷಿ ಹೇಳಲು ಮೂವರು ಒಪ್ಪಿದರು. ಗೆದ್ದೆ ಅಂದುಕೊಂಡೆ.

ಆಗ ವಕೀಲರು ಅದೇ ಕಾಯ್ದೆಯ 28ನೇ ಸೆಕ್ಷನ್ ತೋರಿಸಿದರು. ಒಂದು ಬಗೆಯ ದಾರಿಯ ಹಕ್ಕಿನಲ್ಲಿ ಇನ್ನೊಂದು ಬಗೆಯದು ಸೇರುವುದಿಲ್ಲ. ನಡೆದದ್ದಕ್ಕೆ ನಡೆಯುವ ಹಕ್ಕು ಮಾತ್ರ. ನನಗೆ ಬೇಕಾಗಿದ್ದದ್ದು ಗೊಬ್ಬರ ತರುವ ಪಿಕಪ್ ಬರುವಷ್ಟು ಅಗಲ. ಕೇಸು ಗೆದ್ದರೂ ಅದು ಸಿಗುತ್ತಿರಲಿಲ್ಲ! ಅಷ್ಟು ದಿನ ನಾನು ಇದೊಂದನ್ನು ಯೋಚಿಸಿಯೇ ಇರಲಿಲ್ಲ.

ಸ್ಕೆಚ್ ಹಿಡಿದು ಪಕ್ಕದವರ ಮನೆಗೇ ಹೋದೆ. ಸಾಕ್ಷಿಗಳ ವಿಷಯವನ್ನೂ ಮುಚ್ಚಿಡಲಿಲ್ಲ. ಮೂರು ಸಲ ಕೂತು ಮಾತಾಡಿದ ಮೇಲೆ ಎರಡೂವರೆ ಮೀಟರ್ ಅಗಲಕ್ಕೆ ಒಪ್ಪಿದರು. ಕಡಿಯಬೇಕಾದ ಹನ್ನೊಂದು ಅಡಿಕೆ ಮರಕ್ಕೂ ದಾರಿಗೂ ದುಡ್ಡು ಕೊಟ್ಟೆ, ಜಾಸ್ತಿಯೇ ಆಯಿತು, ಬೇಸರವಿಲ್ಲ.

ಬಾಯಿಮಾತಿಗೆ ಬಿಡದೆ ರಿಜಿಸ್ಟ್ರಿ ಮಾಡಿಸಿದೆವು. ಎರಡೂ ಜಾಗದ ಸರ್ವೆ ನಂಬರ್, ಮೀಟರಿನಲ್ಲಿ ಅಗಲ, 'ವಾಹನ ಸಹಿತ' ಅನ್ನುವ ಮಾತು, ಮುಂದೆ ಜಾಗ ಕೊಳ್ಳುವವರಿಗೂ ಇದು ಅನ್ವಯ ಅನ್ನುವ ಸಾಲು, ಜೊತೆಗೆ ಸ್ಕೆಚ್. ಗೇಟ್ ಅವರೇ ಹಾಕಿದರು, ಒಂದು ಬೀಗದ ಕೈ ನಮ್ಮಲ್ಲಿರಬೇಕು ಅಂತಲೂ ಬರೆಸಿದೆ. ಮಳೆಗಾಲದಲ್ಲಿ ಕೊಚ್ಚಿಹೋದರೆ ಕಲ್ಲು ಹಾಕಿಸುವ ಖರ್ಚು ನನ್ನದು.