ಆಫೀಸಲ್ಲಿ ಅನುಕೂಲ ಕೇಳೋದು ಹೇಗೆ: ಕಾಯಿಲೆ ಕಥೆ ಕಮ್ಮಿ, ಕೆಲಸದ ಮಾತು ಜಾಸ್ತಿ

ಕಣ್ಣು ಮಂಜು, ಕಿವಿ ಸರಿಯಾಗಿ ಕೇಳಲ್ಲ, ಪಾರ್ಕಿನ್ಸನ್ಸು, ಏನೇ ಇರ್ಲಿ, ಎಚ್ಆರ್ ಹತ್ರ ಹೋಗಿ ಬಾಯ್ಮಾತಲ್ಲಿ ಕಷ್ಟ ತೋಡ್ಕೊಂಡು, ಅವರು "ನೋಡೋಣ" ಅಂದ್ರು ಅಂತ ಸುಮ್ನಾಗ್ಬಿಡ್ತೀವಿ. ಮೇಲ್ ಹಾಕಿ. ಯಾವ ಕೆಲಸ, ಎಲ್ಲಿ ತೊಡಕು, ಏನ್ ಮಾಡಿದ್ರೆ ಸರಿಹೋಗುತ್ತೆ, ಇಷ್ಟೇ ಸಾಕು.

ದೃಷ್ಟಿ ಕಮ್ಮಿ ಇರೋರಾದ್ರೆ ಹೀಗೆ ಬರೀಬಹುದು: "ರಿವ್ಯೂ ಮೀಟಿಂಗಲ್ಲಿ ಪ್ರೊಜೆಕ್ಟರ್ ಮೇಲಿನ ಎಕ್ಸೆಲ್ ಶೀಟ್ ನನಗೆ ಕಾಣಲ್ಲ, ಫೈಲ್ ಒಂದು ಗಂಟೆ ಮುಂಚೆ ಕಳ್ಸಿದ್ರೆ ನನ್ನ ಲ್ಯಾಪ್‌ಟಾಪಲ್ಲೇ ದೊಡ್ಡದು ಮಾಡ್ಕೊಂಡು ನೋಡ್ತೀನಿ. ಎನ್‌ವಿಡಿಎ ಹಾಕ್ಕೊಳ್ಳೋಕೆ ಐಟಿಯವರ ಪರ್ಮಿಶನ್ ಕೊಡಿಸಿ." ಎನ್‌ವಿಡಿಎ ಅಂದ್ರೆ ಸ್ಕ್ರೀನಲ್ಲಿರೋದನ್ನ ಓದಿ ಹೇಳೋ ಸಾಫ್ಟ್‌ವೇರ್, ಫ್ರೀ, ಹಾಗಾಗಿ ಬಜೆಟ್ ಇಲ್ಲ ಅನ್ನೋಹಾಗಿಲ್ಲ. ಐಟಿಯವರನ್ನೂ ಸಿಸಿಲಿ ಹಾಕಿ, ಇಲ್ಲಾಂದ್ರೆ ಅಲ್ಲೇ ಸಿಕ್ಕಾಕ್ಕೊಳುತ್ತೆ.

ಖರ್ಚಿಲ್ಲದ್ದನ್ನ ಮೊದಲು ಕೇಳಿ, ಅದಕ್ಕೆ ಕಾರಣ ಇದೆ. ಅಂಗವಿಕಲರ ಹಕ್ಕುಗಳ 2016ರ ಕಾಯ್ದೆ ಪ್ರಕಾರ ನಾವು ಕೇಳೋದು ಕಂಪನಿಯವರಿಗೆ ಅತಿಯಾದ ಹೊರೆ ಆಗದಂಥ ಬದಲಾವಣೆ ಆಗಿರ್ಬೇಕು, ಫೈಲ್ ಮುಂಚೆ ಕಳ್ಸೋದು ಯಾರಿಗೆ ಹೊರೆ ಹೇಳಿ.

"40 ಪರ್ಸೆಂಟ್ ಅಂಗವಿಕಲತೆ ಇದೆ ಅನ್ನೋ ಸರ್ಟಿಫಿಕೇಟ್ ಇದ್ಯಾ?" ಅಂತ ಕೇಳ್ತಾರೆ. ಅದು ಮುಖ್ಯವಾಗಿ ರಿಸರ್ವೇಶನ್ ಥರದ ಸೌಲಭ್ಯಕ್ಕೆ. ಬರೆಯೋವಾಗ ಕೈ ಸೆಟೆದುಕೊಳ್ಳೋ ತೊಂದರೆ ಇದ್ದ ಯುಪಿಎಸ್‌ಸಿ ಅಭ್ಯರ್ಥಿಯೊಬ್ಬರ ಕೇಸಲ್ಲಿ 2021ರಲ್ಲಿ ಸುಪ್ರೀಂ ಕೋರ್ಟು, ಪರೀಕ್ಷೆಯಲ್ಲಿ ತನ್ನ ಪರವಾಗಿ ಬರೆದುಕೊಡೋರನ್ನ ಕೇಳೋಕೆ 40 ಪರ್ಸೆಂಟ್ ಬೇಕಾಗಿಲ್ಲ ಅಂತ ಹೇಳಿದೆ. ಬರೀ ಶುಗರ್, ಬಿಪಿ ಇದ್ರೆ ಅವು ಕಾಯ್ದೆಯ 21 ಅಂಗವಿಕಲತೆಗಳ ಪಟ್ಟಿಯಲ್ಲಿಲ್ಲ, ಅದಕ್ಕೆ ಕಂಪನಿ ಪಾಲಿಸೀನೇ ಗತಿ. ಡಾಕ್ಟರ್ ಹತ್ರ "ತುಂಬಾ ಹೊತ್ತು ನಿಲ್ಲಬಾರದು", "ಹೊತ್ತಿಗೆ ಸರಿಯಾಗಿ ಊಟ ಬೇಕು" ಅನ್ನೋ ಥರ ಕೆಲಸಕ್ಕೆ ಸಂಬಂಧಪಟ್ಟ ಎರಡು ಸಾಲು ಬರೆಸ್ಕೊಳ್ಳಿ, ಪೂರ್ತಿ ರಿಪೋರ್ಟ್ ಕೊಡೋದೇನೂ ಬೇಡ.

20 ಜನ ಅಥವಾ ಹೆಚ್ಚಿರೋ ಪ್ರೈವೇಟ್ ಕಂಪನಿಯ ಸಮಾನ ಅವಕಾಶ ಪಾಲಿಸಿಯಲ್ಲಿ ಯಾವ್ಯಾವ ಸೌಲಭ್ಯ ಅಂತ ಇರ್ಬೇಕು, ಅಂಗವಿಕಲ ನೌಕರರ ವಿಷಯ ನೋಡ್ಕೊಳ್ಳೋ ಲೈಸನ್ ಆಫೀಸರ್ ನೇಮಕನೂ ಇರ್ಬೇಕು. ಕಾಪಿ ಕೇಳಿ, ಎಷ್ಟೋ ಕಡೆ ಅದನ್ನ ಯಾರೂ ತೆರೆದು ನೋಡಿರಲ್ಲ. ಸರ್ಕಾರಿ ನೌಕರರಿಗೆ ಕಾನೂನು ಇನ್ನೂ ಗಟ್ಟಿ: ಸರ್ವೀಸಲ್ಲಿದ್ದಾಗ ಅಂಗವಿಕಲತೆ ಬಂದ್ರೆ ತೆಗೆಯೋಹಾಗಿಲ್ಲ, ಹುದ್ದೆ ಇಳಿಸೋಹಾಗಿಲ್ಲ, ಆ ಕೆಲಸ ಆಗದಿದ್ರೆ ಅದೇ ವೇತನ ಶ್ರೇಣಿಯ ಬೇರೆ ಹುದ್ದೆ ಕೊಡ್ಬೇಕು. ಅಲ್ಲಿ ಕುಂದುಕೊರತೆ ಅಧಿಕಾರಿಗೆ ದೂರು ಕೊಟ್ರೆ ಎರಡು ವಾರದಲ್ಲಿ ವಿಚಾರಣೆ ಆಗ್ಬೇಕು. ಎಲ್ಲೂ ಆಗ್ಲಿಲ್ವಾ, ಅಂಗವಿಕಲರ ರಾಜ್ಯ ಆಯುಕ್ತರಿಗೆ ಬರೀರಿ, ಆಗ ಆ ಹಳೇ ಮೇಲ್‌ಗಳೇ ಸಾಕ್ಷಿ.

ಒಪ್ಕೊಂಡ್ರೆ ಅದನ್ನೂ ಮೇಲಲ್ಲೇ ತಗೊಳ್ಳಿ, ಮ್ಯಾನೇಜರ್ ಬದಲಾದ್ರೆ ಹೊಸಬ್ರಿಗೆ ಅದನ್ನೇ ಫಾರ್ವರ್ಡ್ ಮಾಡಿ.