ಆಟಕ್ಕೊಂದು ಆಸನ, ಸಂಗೀತಕ್ಕೊಂದು ಆಸನ: ಶಾಂಪೇನ್‌ನ ಸ್ಟೇಟ್ ಫಾರ್ಮ್ ಸೆಂಟರ್‌ಗೆ ಹೋಗುವವರಿಗೆ

ಅಮೆರಿಕದ ಇಲಿನಾಯ್ ವಿಶ್ವವಿದ್ಯಾಲಯದ ಅರ್ಬಾನಾ-ಶಾಂಪೇನ್ ಆವರಣದಲ್ಲಿ ಓದುತ್ತಿರುವವರಿಗೂ ಅವರನ್ನು ನೋಡಲು ಬರುವ ತಂದೆತಾಯಿಯರಿಗೂ ಸ್ಟೇಟ್ ಫಾರ್ಮ್ ಸೆಂಟರ್‌ನೊಳಗೆ ಒಮ್ಮೆಯಾದರೂ ಕುಳಿತು ಬ್ಯಾಸ್ಕೆಟ್‌ಬಾಲ್ ಪಂದ್ಯವನ್ನೋ ಸಂಗೀತ ಕಾರ್ಯಕ್ರಮವನ್ನೋ ನೋಡುವ ಆಸೆ ಇರುತ್ತದೆ. ಸುಮಾರು 15,500 ಜನ ಹಿಡಿಸುವ ಭವನವಾದ್ದರಿಂದ ಬಹಳ ದೊಡ್ಡ ಪಂದ್ಯಗಳನ್ನು ಬಿಟ್ಟರೆ ಟಿಕೆಟ್ ದೊರೆಯುವುದು ಅಷ್ಟೇನೂ ಕಷ್ಟವಲ್ಲ. ಸರಿಯಾದ ಜಾಗವನ್ನು ಆರಿಸಿಕೊಳ್ಳುವುದಕ್ಕೆ ಮಾತ್ರ ಸ್ವಲ್ಪ ಯೋಚನೆ ಬೇಕು. ಆಟಕ್ಕೆ ಒಳ್ಳೆಯದೆನಿಸಿದ ಆಸನವೇ ಸಂಗೀತದ ದಿನ ದುಡ್ಡು ದಂಡವಾಗುವಂಥದ್ದಾಗಬಹುದು.

ಮೊದಲು ಹೆಸರಿನ ಗೊಂದಲವನ್ನು ಬಗೆಹರಿಸಿಕೊಳ್ಳಬೇಕು. 1963ರಲ್ಲಿ ತೆರೆದಾಗ ಇದರ ಹೆಸರು ಅಸೆಂಬ್ಲಿ ಹಾಲ್. 2013ರಲ್ಲಿ ಸ್ಟೇಟ್ ಫಾರ್ಮ್ ಎಂಬ ವಿಮಾ ಕಂಪನಿಯೊಂದಿಗಿನ ಒಪ್ಪಂದದ ಫಲವಾಗಿ ಈಗಿನ ಹೆಸರು ಬಂತು. ಊರಿನ ಹಳಬರು ಈಗಲೂ ಹಳೆಯ ಹೆಸರನ್ನೇ ಹೇಳುತ್ತಾರೆ. ಆದರೆ ಆ ಹೆಸರಿನಲ್ಲಿ ಹುಡುಕಿದರೆ ನೆರೆಯ ಇಂಡಿಯಾನಾ ವಿಶ್ವವಿದ್ಯಾಲಯದ ಅಸೆಂಬ್ಲಿ ಹಾಲ್ ಎದುರಾಗುತ್ತದೆ. ಹೊಸ ಹೆಸರಿನಲ್ಲಿ ಹುಡುಕಿದರೆ ಅಟ್ಲಾಂಟಾದ ಸ್ಟೇಟ್ ಫಾರ್ಮ್ ಅರೀನಾವೂ ಅರಿಜೋನಾದ ಸ್ಟೇಟ್ ಫಾರ್ಮ್ ಸ್ಟೇಡಿಯಮ್ಮೂ ಸಾಲಾಗಿ ಬರುತ್ತವೆ. ಆದ್ದರಿಂದ ಹಣ ಕಟ್ಟುವ ಮುನ್ನ ಊರಿನ ಹೆಸರು ಶಾಂಪೇನ್ ಎಂದೇ ಇದೆಯೇ ಎಂದು ನೋಡಿಕೊಳ್ಳಿ. ಭವನದ ಅಥವಾ ವಿಶ್ವವಿದ್ಯಾಲಯದ ಕ್ರೀಡಾ ವಿಭಾಗದ ಅಧಿಕೃತ ಜಾಲತಾಣದಿಂದಲೇ ಖರೀದಿಗೆ ಮುಂದುವರಿಯುವುದು ಕ್ಷೇಮ, ಏಕೆಂದರೆ ಹುಡುಕಾಟದಲ್ಲಿ ಮೇಲೆ ಕಾಣುವ ಕೊಂಡಿಗಳಲ್ಲಿ ಮರುಮಾರಾಟಗಾರರವೂ ಇರುತ್ತವೆ. ವಿಶ್ವವಿದ್ಯಾಲಯದ ಎಲ್ಲ ಒಳಾಂಗಣ ಆಟಗಳೂ ಇಲ್ಲೇ ನಡೆಯುತ್ತವೆಂದು ಭಾವಿಸಬೇಡಿ: ವಾಲಿಬಾಲ್ ನೋಡಬೇಕೆಂದರೆ ಹಫ್ ಹಾಲ್‌ಗೆ ಹೋಗಬೇಕು.

ಆಸನದ ವಿಚಾರಕ್ಕೆ ಬರುವ ಮೊದಲು ಕಟ್ಟಡದ ಆಕಾರವನ್ನು ತಿಳಿದಿರುವುದು ಒಳ್ಳೆಯದು. ಇದೇ ವಿಶ್ವವಿದ್ಯಾಲಯದಲ್ಲಿ ಓದಿದ ವಾಸ್ತುಶಿಲ್ಪಿ ಮ್ಯಾಕ್ಸ್ ಅಬ್ರಮೊವಿಟ್ಜ್ ಇದನ್ನು ಒಂದು ಬೋಗುಣಿಯ ಮೇಲೆ ಇನ್ನೊಂದನ್ನು ಕವುಚಿಟ್ಟ ಹಾಗೆ ರೂಪಿಸಿದರು. ಮೇಲಿನ ಕಾಂಕ್ರೀಟ್ ಗುಮ್ಮಟದ ವ್ಯಾಸ 400 ಅಡಿ. ಇಷ್ಟು ಭಾರದ ಗುಮ್ಮಟ ತನ್ನ ಅಂಚನ್ನು ಹೊರಕ್ಕೆ ತಳ್ಳುತ್ತದೆ; ಆ ತಳ್ಳುವಿಕೆಯನ್ನು ತಡೆಯಲು ಎರಡು ಬೋಗುಣಿಗಳು ಕೂಡುವ ಅಂಚಿಗೆ ಕಾಲು ಇಂಚು ದಪ್ಪದ ಉಕ್ಕಿನ ತಂತಿಯನ್ನು ಬಿಗಿಯಾಗಿ ಎಳೆದು ಸುತ್ತಲಾಗಿದೆ. ಹೀಗೆ ಸುತ್ತಿದ ತಂತಿಯ ಒಟ್ಟು ಉದ್ದ 614 ಮೈಲಿ, ಅಂದರೆ ಸುಮಾರು 990 ಕಿಲೋಮೀಟರ್. ಈ ಕಟ್ಟಿನ ಬಲದಿಂದ ಗುಮ್ಮಟದ ಕೆಳಗೆ ಒಂದು ಕಂಬವೂ ಬೇಕಾಗಿಲ್ಲ. ಹಾಗಾಗಿ ಕಂಬದ ಹಿಂದಿನ ಆಸನ ಸಿಕ್ಕೀತೆಂಬ ಭಯ ಇಲ್ಲಿ ಇಲ್ಲ. ನೋಟಕ್ಕೆ ಅಡ್ಡಿಯಾಗುವುದೇನಿದ್ದರೂ ದೂರ, ಎದ್ದು ನಿಲ್ಲುವ ಪ್ರೇಕ್ಷಕರು, ಮತ್ತು ಸಂಗೀತದ ದಿನ ವೇದಿಕೆಯ ಸಾಮಗ್ರಿ.

ಬ್ಯಾಸ್ಕೆಟ್‌ಬಾಲ್ ನೋಡುವವರಿಗೆ ಅಂಕಣ ನಡುವೆ ಇರುವುದರಿಂದ ಯಾವ ದಿಕ್ಕಿನ ಆಸನವೂ ಕೆಟ್ಟದ್ದಲ್ಲ. ಕೆಳಗಿನ ಹಂತದ ಉದ್ದಬದಿಯ ಆಸನಗಳ ಬೆಲೆಯೇ ಹೆಚ್ಚು. ಆದರೆ ಆಟದ ಚಲನೆ ಅರ್ಥವಾಗಬೇಕೆಂದರೆ ಮೇಲಿನ ಹಂತದ ಮೊದಲ ಕೆಲವು ಸಾಲುಗಳೇ ಲೇಸೆಂದು ನನ್ನ ಅಭಿಪ್ರಾಯ. ಹತ್ತೂ ಆಟಗಾರರು ಒಟ್ಟಿಗೆ ಕಾಣುವುದು ಅಲ್ಲಿಂದ. ತೀರ ಮೇಲಿನ ಸಾಲುಗಳ ಮೆಟ್ಟಿಲು ಕಡಿದಾಗಿವೆ. ಮಂಡಿನೋವಿರುವ ಹಿರಿಯರನ್ನು ಕರೆದೊಯ್ಯುವವರು, ಮೆಟ್ಟಿಲಿಲ್ಲದೆ ತಲುಪಬಹುದಾದ ಆಸನಗಳು ಬೇಕೆಂದು ಟಿಕೆಟ್ ಕೊಳ್ಳುವಾಗಲೇ ಕೇಳಬೇಕು. ಬಾಗಿಲಿಗೆ ಬಂದು ಕೇಳಿದರೆ ಆ ಜಾಗಗಳು ತುಂಬಿರುವುದೇ ಹೆಚ್ಚು. ವಿದ್ಯಾರ್ಥಿಗಳಿಗೆ ಬೇರೆಯೇ ದಾರಿ ಇದೆ. ಅಂಕಣದ ಪಕ್ಕದಲ್ಲೇ ಕಿತ್ತಳೆ ಬಣ್ಣದ ಅಂಗಿ ತೊಟ್ಟು ಕೂಗುವ ‘ಆರೆಂಜ್ ಕ್ರಶ್’ ಎಂಬ ವಿದ್ಯಾರ್ಥಿ ಬಳಗಕ್ಕೆ ಸೇರಿದರೆ ಅಷ್ಟು ಹತ್ತಿರದ ನೋಟ ಬೇರೆಲ್ಲೂ ಸಿಗದು, ಆದರೆ ಪಂದ್ಯವಿಡೀ ನಿಂತೇ ಇರಬೇಕು. ಅಪ್ಪ ಅಮ್ಮನನ್ನು ಆ ಗುಂಪಿನ ಹಿಂದೆ ಕೂರಿಸಿದರೆ ಅವರಿಗೆ ಕಾಣುವುದು ಬೆನ್ನುಗಳು ಮಾತ್ರ.

ಸಂಗೀತದ ದಿನ ಲೆಕ್ಕ ಬದಲಾಗುತ್ತದೆ. ವೇದಿಕೆಯನ್ನು ಸಾಮಾನ್ಯವಾಗಿ ನೆಲದ ಒಂದು ತುದಿಯಲ್ಲಿ ಕಟ್ಟುತ್ತಾರೆ. ಅದರ ಹಿಂದಿನ ವಿಭಾಗಗಳನ್ನು ಮುಚ್ಚುತ್ತಾರೆ, ಇಲ್ಲವೇ ನೋಟಕ್ಕೆ ಅಡ್ಡಿ ಇದೆ ಎಂಬ ಸೂಚನೆಯೊಡನೆ ಕಡಿಮೆ ಬೆಲೆಗೆ ಮಾರುತ್ತಾರೆ. ಈ ಸೂಚನೆ ಸಣ್ಣ ಅಕ್ಷರದಲ್ಲಿರುವುದರಿಂದ ಕಾರ್ಯಕ್ರಮದ ಆಸನ ನಕ್ಷೆಯನ್ನು ತೆರೆದು ವೇದಿಕೆ ಎಲ್ಲಿದೆ ಎಂದು ಗುರುತಿಸಿಕೊಂಡ ಮೇಲೆಯೇ ವಿಭಾಗವನ್ನು ಆರಿಸಬೇಕು. ನೆಲದ ಮೇಲೆ ಹಾಕುವ ಕುರ್ಚಿಗಳು ದುಬಾರಿಯಾದರೂ ಅಲ್ಲಿ ಇಳಿಜಾರಿಲ್ಲ. ಮುಂದಿನವರು ಎದ್ದು ನಿಂತರೆ ಕುಳ್ಳಗಿರುವವರಿಗೆ ಪರದೆಯೇ ಗತಿ. ಆಟದ ದಿನ ಮಧ್ಯರೇಖೆಗೆ ನೇರವಾಗಿರುವ ಉತ್ತಮ ಆಸನದಿಂದ ಈ ದಿನ ಕಲಾವಿದರನ್ನು ಪಕ್ಕಕ್ಕೆ ಕತ್ತು ತಿರುಗಿಸಿಯೇ ನೋಡಬೇಕು. ನನ್ನ ಸಲಹೆಯೆಂದರೆ, ವೇದಿಕೆಗೆ ಎದುರಾಗಿರುವ ತುದಿಯಿಂದ ಸ್ವಲ್ಪ ಪಕ್ಕಕ್ಕೆ, ಕೆಳಗಿನ ಹಂತದ ಮೇಲಿನ ಸಾಲುಗಳು. ಧ್ವನಿವರ್ಧಕಗಳು ಮುಖ ಮಾಡಿರುವುದು ಅತ್ತ ಕಡೆಗೇ.

ಪುರುಷರ ಕಾಲೇಜು ಪಂದ್ಯ 20 ನಿಮಿಷದ ಎರಡು ಅವಧಿಗಳದ್ದು. ಮಹಿಳೆಯರದ್ದು 10 ನಿಮಿಷದ ನಾಲ್ಕು ಭಾಗಗಳದ್ದು. ಬಿಡುವುಗಳೂ ಸೇರಿ ಎರಡು ಗಂಟೆ ಹಿಡಿಯುತ್ತದೆ. ಮಧ್ಯಂತರದಲ್ಲಿ ತಿಂಡಿಯ ಮಳಿಗೆಗಳ ಮುಂದೆ ದೊಡ್ಡ ಸಾಲು ಬೆಳೆಯುತ್ತದೆ. ಪುರುಷರ ಪಂದ್ಯದಲ್ಲಿ ಪ್ರತಿ ಅವಧಿಯಲ್ಲೂ 20ರಿಂದ ಹಿಂದಕ್ಕೆ ಎಣಿಸುವ ಗಡಿಯಾರ 16, 12, 8 ಮತ್ತು 4 ನಿಮಿಷಕ್ಕಿಂತ ಕೆಳಗಿಳಿದ ನಂತರ ಆಟ ಮೊದಲ ಬಾರಿ ನಿಂತಾಗ ಪ್ರಸಾರಕ್ಕಾಗಿ ವಿರಾಮ ಕೊಡುತ್ತಾರೆ. ಮೊದಲ ಅವಧಿಯಲ್ಲಿ ಗಡಿಯಾರ 8 ನಿಮಿಷಕ್ಕಿಂತ ಕೆಳಗಿಳಿದ ಮೇಲೆ ಬರುವ ವಿರಾಮಕ್ಕೆ ಎದ್ದು ಹೋದರೆ ಆಟವೂ ಹೆಚ್ಚು ತಪ್ಪುವುದಿಲ್ಲ, ಸಾಲೂ ಸಣ್ಣದಿರುತ್ತದೆ.

ಪಂದ್ಯಗಳ ಕಾಲ ನವೆಂಬರ್‌ನಿಂದ ಮಾರ್ಚ್‌ವರೆಗೆ. ಮಗಳ ಪದವಿ ಪ್ರದಾನಕ್ಕೆಂದು ಮೇ ತಿಂಗಳಲ್ಲಿ ಬರುವ ತಂದೆತಾಯಿಯರಿಗೆ ಬ್ಯಾಸ್ಕೆಟ್‌ಬಾಲ್ ಸಿಗದು. ಮಾರ್ಚ್‌ನಲ್ಲಿ ಬಂದವರಿಗೆ ಇನ್ನೊಂದು ಅವಕಾಶವಿದೆ: ರಾಜ್ಯದ ಹೈಸ್ಕೂಲ್ ಹುಡುಗರ ಅಂತಿಮ ಪಂದ್ಯಗಳು ದಶಕಗಳ ಕಾಲ ಇಲ್ಲಿ ನಡೆದು, ನಡುವೆ ಪಿಯೋರಿಯಾಕ್ಕೆ ಹೋಗಿ, ಈಚೆಗೆ ಮತ್ತೆ ಇಲ್ಲಿಗೇ ಬಂದಿವೆ. ಆಟ ಹೊಸದಾಗಿರುವವರಿಗೆ ಇದಕ್ಕಿಂತ ಒಳ್ಳೆಯ ಆರಂಭವಿಲ್ಲ.

ಟಿಕೆಟ್ ಮೊಬೈಲಿನಲ್ಲಿರುವುದರಿಂದ ಮನೆಯಲ್ಲೇ ತೆರೆದು ಫೋನಿನ ವ್ಯಾಲೆಟ್‌ಗೆ ಉಳಿಸಿಕೊಳ್ಳಿ. ಬಾಗಿಲ ಬಳಿ ಸಾವಿರಾರು ಫೋನುಗಳ ನಡುವೆ ನೆಟ್‌ವರ್ಕ್ ನಿಧಾನವಾಗುತ್ತದೆ. ದೊಡ್ಡ ಚೀಲಗಳನ್ನು ಬಿಡುವುದಿಲ್ಲ. ಯಾವ ಅಳತೆಯ ಪಾರದರ್ಶಕ ಚೀಲ ತರಬಹುದೆಂದು ಆ ಕಾರ್ಯಕ್ರಮದ ಪುಟದಲ್ಲಿ ನೋಡಿ. ಮಕ್ಕಳ ಔಷಧಿಯಂಥವು ಇದ್ದರೆ ಭದ್ರತಾ ಸಿಬ್ಬಂದಿಗೆ ಮೊದಲೇ ತೋರಿಸುವುದು ಒಳ್ಳೆಯದು.

ಆವರಣದ ನಡುವಿನ ಹುಲ್ಲುಬಯಲಾದ ಮುಖ್ಯ ಕ್ವಾಡ್‌ನಿಂದ ಭವನಕ್ಕೆ ಸುಮಾರು ಅರ್ಧ ಗಂಟೆಯ ನಡಿಗೆ, ಆದರೆ ಜನವರಿಯಲ್ಲಿ ಬಯಲಿನ ಗಾಳಿಗೆ ಆ ಅರ್ಧ ಗಂಟೆಯೂ ದೀರ್ಘವೇ, ಊರಿನ ಎಂ.ಟಿ.ಡಿ. ಬಸ್ಸನ್ನು ನೆಚ್ಚಿಕೊಳ್ಳಿ, ಹಿಂದಿರುಗುವ ಕೊನೆಯ ಬಸ್ಸಿನ ವೇಳೆಯನ್ನು ಹೊರಡುವ ಮೊದಲೇ ನೋಡಿಡಿ. ಕಾರಿನಲ್ಲಿ ಬಂದವರು ನಿಲ್ಲಿಸಿದ ಸಾಲಿನ ಫಲಕದ ಚಿತ್ರ ತೆಗೆದುಕೊಳ್ಳಬೇಕು, ಏಕೆಂದರೆ ದುಂಡಗಿನ ಕಟ್ಟಡ ಎಲ್ಲ ಕಡೆಯಿಂದಲೂ ಒಂದೇ ಥರ ಕಾಣುತ್ತದೆ, ಬೇರೆ ಬಾಗಿಲಿನಿಂದ ಹೊರಬಿದ್ದರೆ ದಿಕ್ಕು ತಪ್ಪುವುದು ಸುಲಭ. ಷಿಕಾಗೋದಿಂದ ಆಮ್‌ಟ್ರಾಕ್ ರೈಲಿನಲ್ಲಿ ಬರುವವರು ರಾತ್ರಿಯ ಕಾರ್ಯಕ್ರಮ ಮುಗಿದ ಮೇಲೆ ಅದೇ ದಿನ ವಾಪಸಾಗುವ ಯೋಚನೆ ಬಿಟ್ಟು, ಟಿಕೆಟ್ ಕೊಳ್ಳುವಾಗಲೇ ಒಂದು ರಾತ್ರಿಯ ವಸತಿಯನ್ನೂ ಗೊತ್ತುಮಾಡಿಕೊಳ್ಳಬೇಕು. ದೊಡ್ಡ ಪಂದ್ಯದ ದಿನ ಹೋಟೆಲ್ ಕೋಣೆಗಳು ಟಿಕೆಟ್‌ಗಿಂತ ಮೊದಲೇ ಮುಗಿದುಹೋಗಬಹುದು.